ಒಪ್ಪಿದರೆ ಅರಸ: ಮಧ್ಯಯುಗದ ನಾರ್ಸ್ ಜನರು ರಾಜನನ್ನು ಹೇಗೆ ಕಂಡರು?

ಹತ್ತನೆಯ ಶತಮಾನದ ನಡುಭಾಗ. ನಾರ್ವೆಯ ತ್ರೋಂಡೆಲಾಗ್ ಪ್ರಾಂತ್ಯದ ಮೇರೆ ಎಂಬಲ್ಲಿ ಚಳಿಗಾಲದ ಬಲಿಹಬ್ಬ ನಡೆದಿದೆ. ಹಬ್ಬದ ಊಟಕ್ಕೆ ಕುಳಿತಿರುವ ರಾಜ ಹಾಕೋನ್, ಇಂಗ್ಲೆಂಡಿನ ಅರಸ ಅಥೆಲ್‌ಸ್ಟನ್‌ನ ಆಶ್ರಯದಲ್ಲಿ ಬೆಳೆದು ಕ್ರೈಸ್ತನಾಗಿ ಊರಿಗೆ ಮರಳಿದವನು. ಸುತ್ತ ಕುಳಿತಿರುವ ರೈತರು ಥೋರ್, ಓಡಿನ್ ಮೊದಲಾದ ಹಳೆಯ ದೇವರುಗಳಿಗೆ ನಡೆದುಕೊಳ್ಳುವವರು. ಬಲಿ ಕೊಟ್ಟ ಕುದುರೆಯ ಮಾಂಸವನ್ನು ರಾಜ ತಿನ್ನಲೇಬೇಕೆಂಬುದು ಅವರ ಹಟ. ಅದಕ್ಕೂ ಮುಂಚಿನ ಶರತ್ಕಾಲದ ಹಬ್ಬದಲ್ಲಿ ಅವನು ಹೇಗೋ ನುಣುಚಿಕೊಂಡಿದ್ದ. ಕುದುರೆಮಾಂಸ ಬೆಂದ ಹಂಡೆಯ ಹಿಡಿಗೆ ನಾರುಬಟ್ಟೆ ಸುತ್ತಿ, ಅದರ ಮೇಲೆ ಬರೀ ಬಾಯಿ ತೆರೆದು ಹಿಂದೆ ಸರಿದಿದ್ದ. ಈ ಸಲ ಆ ಉಪಾಯ ನಡೆಯಲಿಲ್ಲ. ರಾಜನು ಕುದುರೆಯ ಯಕೃತ್ತಿನ ಕೆಲವು ತುಣುಕುಗಳನ್ನು ತಿಂದ. ರೈತರು ಕೊಟ್ಟ ಪಾನಪಾತ್ರೆಗಳನ್ನೆಲ್ಲ ಶಿಲುಬೆಯ ಗುರುತು ಮಾಡದೆಯೇ ಬರಿದು ಮಾಡಿದ.

ರಾಜನೊಬ್ಬ ತನ್ನ ಪ್ರಜೆಗಳ ಎದುರು ಹೀಗೆ ಅಸಹಾಯಕನಾಗುವುದು ಸಾಧ್ಯವೆ? ವೈಕಿಂಗರನ್ನು ಕುರಿತ ಧಾರಾವಾಹಿಗಳೂ ಮೊಬೈಲ್ ಆಟಗಳೂ ನಮ್ಮ ಮನೆಮನೆಗೆ ಬಂದಿರುವ ಈ ದಿನಗಳಲ್ಲಿ, ಅವುಗಳನ್ನು ನೋಡಿದವರಿಗೆ ಇಂಥ ಪ್ರಶ್ನೆ ಮತ್ತೆ ಮತ್ತೆ ಎದುರಾಗುತ್ತದೆ. ನಮ್ಮ ಫೋನಿನೊಳಗಿನ ಬ್ಲೂಟೂತ್‌ಗೆ ಹೆಸರು ಬಂದದ್ದೇ ಹತ್ತನೆಯ ಶತಮಾನದ ಡೆನ್ಮಾರ್ಕಿನ ರಾಜ ಹರಾಲ್ಡ್ ಬ್ಲೂಟೂತ್‌ನಿಂದ. ಅದರ ಚಿಹ್ನೆಯು ಆತನ ಹೆಸರಿನ ಎರಡು ರೂನ್ ಅಕ್ಷರಗಳ, ಅಂದರೆ ನಾರ್ಸ್ ಜನರ ಹಳೆಯ ಲಿಪಿಯ ಅಕ್ಷರಗಳ, ಜೋಡಣೆ. ಆದರೆ ರಾಜ ಎಂದೊಡನೆ ನಮ್ಮ ಮನಸ್ಸಿಗೆ ಬರುವ ಅರಮನೆ, ರಾಜಧಾನಿ, ಮಂತ್ರಿಮಂಡಲ, ಕೋಟೆಬಾಗಿಲುಗಳ ಚಿತ್ರವನ್ನು ಸ್ವಲ್ಪ ಹೊತ್ತು ಬದಿಗಿಡದೆ ಈ ರಾಜರು ಅರ್ಥವಾಗುವುದಿಲ್ಲ.

ಯಾರ ಕಥೆ, ಯಾರು ಬರೆದದ್ದು

ಇಂದಿನ ನಾರ್ವೆ, ಸ್ವೀಡನ್, ಡೆನ್ಮಾರ್ಕ್, ಐಸ್‌ಲ್ಯಾಂಡ್ ಮತ್ತು ಸುತ್ತಲಿನ ದ್ವೀಪಗಳಲ್ಲಿ ಬಾಳಿದ, ಹೆಚ್ಚುಕಡಿಮೆ ಒಂದೇ ಭಾಷೆಯನ್ನಾಡುತ್ತಿದ್ದ ಜನರನ್ನು ನಾರ್ಸ್ ಜನರೆಂದು ಕರೆಯುತ್ತಾರೆ. ಅವರಲ್ಲಿ ಕಡಲು ದಾಟಿ ಸುಲಿಗೆಗೋ ವ್ಯಾಪಾರಕ್ಕೋ ಹೋದವರು ಮಾತ್ರ ವೈಕಿಂಗರು. ಉಳಿದ ಬಹುಪಾಲು ಜನ ಹೊಲ, ದನ, ಮೀನುಗಳನ್ನು ನಂಬಿ ಬದುಕಿದವರು. ಈ ಲೇಖನದಲ್ಲಿ ನಾರ್ವೆಯ ಮಾತು ಹೆಚ್ಚು ಬರುತ್ತದೆ, ಏಕೆಂದರೆ ಅಲ್ಲಿನ ರಾಜರ ಬಗ್ಗೆ ಉಳಿದಿರುವ ಬರಹವೇ ಹೆಚ್ಚು.

ಆ ಬರಹಗಳ ಬಗ್ಗೆ ಒಂದು ಎಚ್ಚರಿಕೆ ಬೇಕು. ಹಾಕೋನನ ಯಕೃತ್ತಿನ ಕಥೆ ನಮಗೆ ಸಿಗುವುದು ಹೈಮ್ಸ್‌ಕ್ರಿಂಗ್ಲಾ ಎಂಬ ರಾಜಚರಿತ್ರೆಯಲ್ಲಿ. ಅದನ್ನು 1230ರ ಆಸುಪಾಸಿನಲ್ಲಿ ಬರೆದ ಸ್ನೋರಿ ಸ್ಟುರ್ಲುಸನ್ ಐಸ್‌ಲ್ಯಾಂಡಿನವನು, ಕ್ರೈಸ್ತ, ಮೇಲಾಗಿ ಸ್ವತಃ ಅಧಿಕಾರದ ಆಟದಲ್ಲಿ ಮುಳುಗಿದ್ದ ಸಿರಿವಂತ ಮುಖಂಡ. ಘಟನೆಗೂ ಬರಹಕ್ಕೂ ನಡುವೆ ಸುಮಾರು 280 ವರ್ಷಗಳ ಅಂತರವಿದೆ. ಆದ್ದರಿಂದ ಇಂಥ ಕಥೆಗಳನ್ನು ವರದಿಗಳೆಂದು ಓದುವುದಕ್ಕಿಂತ, ರಾಜನಾದವನು ಹೇಗಿರಬೇಕು, ಎಲ್ಲಿಯವರೆಗೆ ಹೋಗಬಹುದು ಎಂದು ಆ ಜನ ಯೋಚಿಸಿದ್ದರ ದಾಖಲೆಗಳೆಂದು ಓದುವುದು ಸರಿಯಾದೀತು. ರಾಜರ ಆಸ್ಥಾನಕವಿಗಳಾದ ಸ್ಕಾಲ್ಡ್‌ಗಳ ಪದ್ಯಗಳು ಇವುಗಳಿಗಿಂತ ಹಳೆಯವು. ಅವುಗಳ ಛಂದಸ್ಸು ಬಹಳ ಬಿಗಿಯಾದದ್ದರಿಂದ ಬಾಯಿಂದ ಬಾಯಿಗೆ ಬರುವಾಗ ಮಾತು ಹೆಚ್ಚು ಕೆಡಲಿಲ್ಲವೆಂದು ವಿದ್ವಾಂಸರು ನಂಬುತ್ತಾರೆ.

ರಕ್ತ ಬೇಕು, ರಕ್ತವೊಂದೇ ಸಾಲದು

ರಾಜನಿಗೆ ಹಳೆಯ ನಾರ್ಸ್ ಭಾಷೆಯಲ್ಲಿದ್ದ ಪದ ಕೊನುಂಗ್ರ್. ಅದರ ಬೇರು ‘ಕುಲ’ ಎಂಬ ಅರ್ಥದ ಪದದಲ್ಲಿದೆ. ‘ಕುಲದಲ್ಲಿ ಹುಟ್ಟಿದವನು’ ಎಂದು ಸ್ಥೂಲವಾಗಿ ಹೇಳಬಹುದು. ರಾಜನ ಮಗನಲ್ಲದವನು ರಾಜನಾಗುವುದು ಕಷ್ಟವಿತ್ತು. ರಾಜನ ಕೆಳಗೆ ಯಾರ್ಲ್ ಎಂಬ ಪದವಿಯಿತ್ತು. ಲಾದೆಯ ಯಾರ್ಲ್ ಆಗಿದ್ದ ಇನ್ನೊಬ್ಬ ಹಾಕೋನ್ 995ರವರೆಗೆ ನಾರ್ವೆಯ ಬಹುಭಾಗವನ್ನು ಆಳಿದರೂ ರಾಜನೆಂದು ಕರೆಸಿಕೊಳ್ಳಲಿಲ್ಲ.

ತೊಡಕಿದ್ದದ್ದು ಬೇರೆ ಕಡೆ. ಹಿರಿಯ ಮಗನಿಗೇ ಪಟ್ಟ ಎಂಬ ನಿಯಮ ಅಲ್ಲಿರಲಿಲ್ಲ. ಮದುವೆಯಾದ ಹೆಂಡತಿಯ ಮಗನಿಗೂ ಹೊರಗಿನ ಸಂಬಂಧದಲ್ಲಿ ಹುಟ್ಟಿದ ಮಗನಿಗೂ ಹಕ್ಕು ಒಂದೇ. ನಮ್ಮಲ್ಲಿ ಪಿತ್ರಾರ್ಜಿತ ಜಮೀನಿಗೆ ಎಲ್ಲ ಮಕ್ಕಳೂ ಹಕ್ಕುದಾರರಾಗಿ ನಿಲ್ಲುವಂತೆ, ಅಲ್ಲಿ ರಾಜ್ಯಕ್ಕೆ ರಾಜನ ಗಂಡುಮಕ್ಕಳೆಲ್ಲರೂ ಹಕ್ಕುದಾರರು. ಹಾಗಾಗಿ ಇಬ್ಬರು ಮೂವರು ಏಕಕಾಲದಲ್ಲಿ ರಾಜರಾಗಿರುವುದು ಅಸಹಜವೆನಿಸುತ್ತಿರಲಿಲ್ಲ. 1103ರಲ್ಲಿ ಮ್ಯಾಗ್ನಸ್ ಎಂಬ ರಾಜ ಐರ್ಲೆಂಡಿನಲ್ಲಿ ಸತ್ತಾಗ ಅವನ ಮೂವರು ಮಕ್ಕಳೂ ಒಟ್ಟಿಗೆ ರಾಜರಾದರು. ಮೂವರ ತಾಯಂದಿರೂ ಬೇರೆ ಬೇರೆ.

ಹೀಗೆ ಹಕ್ಕುದಾರರು ಹಲವರಿದ್ದಾಗ ಯಾರು ನಿಜವಾಗಿ ರಾಜನಾಗಬೇಕೆಂಬುದನ್ನು ರಕ್ತ ತೀರ್ಮಾನಿಸಲಾರದು. ಅದು ತೀರ್ಮಾನವಾಗುತ್ತಿದ್ದದ್ದು ಬಯಲಿನಲ್ಲಿ ಸೇರುತ್ತಿದ್ದ ಸಭೆಯಲ್ಲಿ.

ಥಿಂಗ್: ಆಯುಧ ಹಿಡಿದವರ ಸಭೆ

ಥಿಂಗ್ ಎಂದರೆ ಸ್ವತಂತ್ರ ಗಂಡಸರು ಕಾಲಕಾಲಕ್ಕೆ ಸೇರುತ್ತಿದ್ದ ಸಭೆ. ನ್ಯಾಯತೀರ್ಮಾನ, ಕಾನೂನು, ಗಡಿತಂಟೆ, ರಾಜನ ಆಯ್ಕೆ ಎಲ್ಲವೂ ಅಲ್ಲಿಯೇ. ನಾರ್ವೆಯ ಪಶ್ಚಿಮಕ್ಕೆ ಗುಲಾಥಿಂಗ್, ತ್ರೋಂಡೆಲಾಗ್ ಪ್ರಾಂತ್ಯಕ್ಕೆ ಫ್ರೋಸ್ಟಾಥಿಂಗ್ ಹೀಗೆ ಪ್ರದೇಶಕ್ಕೊಂದು ದೊಡ್ಡ ಥಿಂಗ್ ಇತ್ತು. ಪ್ರತಿಯೊಂದಕ್ಕೂ ತನ್ನದೇ ಕಾನೂನಿತ್ತು. ಒಪ್ಪಿಗೆ ಸೂಚಿಸಲು ಸೇರಿದವರು ಕೈ ಎತ್ತುತ್ತಿರಲಿಲ್ಲ, ಆಯುಧಗಳನ್ನು ಎತ್ತಿ ಸದ್ದು ಮಾಡುತ್ತಿದ್ದರು. ಇದನ್ನು ಪ್ರಜಾಪ್ರಭುತ್ವವೆಂದು ಕರೆಯುವ ಆಸೆ ಅನೇಕರಿಗಿದೆ. ಆದರೆ ಗುಲಾಮರಿಗೆ ಅಲ್ಲಿ ದನಿಯಿರಲಿಲ್ಲ, ತೀರ್ಮಾನ ಹೇಳುವವರಲ್ಲಿ ಹೆಂಗಸರಿರಲಿಲ್ಲ, ದೊಡ್ಡ ಹಿಡುವಳಿದಾರನ ಮಾತಿಗಿದ್ದ ತೂಕ ಸಣ್ಣ ರೈತನ ಮಾತಿಗಿರಲಿಲ್ಲ.

ಇಷ್ಟಾದರೂ ರಾಜನಿಗೆ ಥಿಂಗ್ ಅನಿವಾರ್ಯವಾಗಿತ್ತು. ಹೊಸ ರಾಜನು ಒಂದೊಂದು ಪ್ರಾಂತ್ಯದ ಥಿಂಗ್‌ಗೂ ಹೋಗಿ, ಅಲ್ಲಿನ ಕಾನೂನನ್ನು ಕಾಯುವೆನೆಂದು ಮಾತು ಕೊಟ್ಟು, ಅಲ್ಲಿನವರಿಂದ ರಾಜನೆನಿಸಿಕೊಳ್ಳಬೇಕಿತ್ತು. ಆರಂಭದಲ್ಲಿ ಹೇಳಿದ ಹಾಕೋನ್ ರಾಜನಾದದ್ದೂ ಒಂದು ಮಾತಿನ ಮೇಲೆ. ಅವನ ತಂದೆ, ‘ಚೆಲುಗೂದಲ’ ಎಂಬ ಅಡ್ಡಹೆಸರಿನ ಹರಾಲ್ಡ್, ಒಂಬತ್ತನೆಯ ಶತಮಾನದ ಕೊನೆಯ ಭಾಗದಲ್ಲಿ ಹಾಫರ್ಸ್‌ಫ್ಯೋರ್ಡ್ ಕದನವನ್ನು ಗೆದ್ದು ಪಶ್ಚಿಮ ನಾರ್ವೆಯನ್ನು ಹಿಡಿತಕ್ಕೆ ತಂದವನು. ಅವನು ರೈತರ ಓದಾಲ್ ಹಕ್ಕನ್ನು, ಅಂದರೆ ತಲೆತಲಾಂತರದಿಂದ ಬಂದ ಭೂಮಿಯ ಮೇಲಿನ ಪೂರ್ಣ ಒಡೆತನವನ್ನು, ಕಿತ್ತುಕೊಂಡನೆಂದು ಸ್ನೋರಿ ಹೇಳುತ್ತಾನೆ. ಮಗ ಅದನ್ನು ಹಿಂದಿರುಗಿಸುವ ಭರವಸೆ ಕೊಟ್ಟು ರಾಜನಾದ. ಮುಂದೆ ಅವನು ಫ್ರೋಸ್ಟಾಥಿಂಗ್‌ನಲ್ಲಿ ಎಲ್ಲರೂ ಕ್ರೈಸ್ತರಾಗಬೇಕೆಂದು ಕೇಳಿದಾಗ ಮೇದಲ್‌ಹುಸ್‌ನ ಆಸ್‌ಬ್ಯೋರ್ನ್ ಎಂಬ ರೈತ ಎದ್ದು ನಿಂತು ಕೊಟ್ಟ ಉತ್ತರದ ಸಾರ ಇದು: ಭೂಮಿ ಮರಳಿ ಕೊಟ್ಟ ದಿನ ಸ್ವರ್ಗವೇ ಕೈಗೆ ಸಿಕ್ಕಿತೆಂದುಕೊಂಡೆವು, ಈಗ ನೀನು ಬಲವಂತ ಮಾಡುವುದಾದರೆ ನಿನ್ನನ್ನು ಬಿಟ್ಟು ಬೇರೊಬ್ಬನನ್ನು ಆರಿಸಿಕೊಳ್ಳುತ್ತೇವೆ.

ಇದು ಕಥೆಯಾಯಿತು; ಕಾನೂನೂ ಇದನ್ನೇ ಹೇಳುತ್ತಿತ್ತು. ಫ್ರೋಸ್ಟಾಥಿಂಗ್ ಕಾನೂನಿನಲ್ಲಿ, ರಾಜನಾಗಲಿ ಇನ್ನಾರೇ ಆಗಲಿ ಮತ್ತೊಬ್ಬನ ಮೇಲೆ ಏರಿ ಹೋಗಬಾರದು ಎಂಬ ವಿಧಿಯಿದೆ. ರಾಜನೇ ಹಾಗೆ ಮಾಡಿದರೆ, ಸುತ್ತಲಿನ ಎಲ್ಲ ಸೀಮೆಗಳಿಗೂ ಬಾಣವೊಂದನ್ನು ಕಳುಹಿಸಿ ಜನರನ್ನು ಕೂಡಿಸಬೇಕು, ಅವನ ಬೆನ್ನಟ್ಟಿ ಸಿಕ್ಕಿದರೆ ಕೊಲ್ಲಬೇಕು, ತಪ್ಪಿಸಿಕೊಂಡರೆ ಅವನು ಮತ್ತೆಂದೂ ನಾಡಿಗೆ ಕಾಲಿಡಬಾರದು. ಬಾಣ ಕಳುಹಿಸುವುದೆಂದರೆ ನಮ್ಮಲ್ಲಿ ಡಂಗುರ ಸಾರುವುದಿದ್ದಂತೆ: ಮನೆಯಿಂದ ಮನೆಗೆ ಅದು ದಾಟುತ್ತಿತ್ತು, ಕಂಡವರು ಹೊರಡಲೇಬೇಕಿತ್ತು.

ಸ್ವೀಡನ್ನಿನ ಹದಿಮೂರನೆಯ ಶತಮಾನದ ವೆಸ್ಟರ್‌ಯೋಟ್ಲಾಂಡ್ ಕಾನೂನು ಇನ್ನೂ ಚುಟುಕಾಗಿ, ರಾಜನನ್ನು ಆರಿಸುವ ಹಕ್ಕೂ ಹೊರದಬ್ಬುವ ಹಕ್ಕೂ ಉಪ್ಸಾಲದ ಸುತ್ತಿನ ನಾಡಿನ ಸ್ವೇಯರ್ ಜನರದ್ದು ಎನ್ನುತ್ತದೆ. ಅವರು ಆರಿಸಿದ ರಾಜ ಬಳಿಕ ಉಳಿದ ಪ್ರಾಂತ್ಯಗಳಿಗೆ ಸವಾರಿ ಹೋಗಿ ಒಪ್ಪಿಗೆ ಪಡೆಯಬೇಕು. ಪ್ರಾಂತ್ಯದ ಗಡಿ ದಾಟುವಾಗ ಒತ್ತೆಯಾಳುಗಳನ್ನು ಜೊತೆಗಿಟ್ಟುಕೊಳ್ಳಬೇಕು. ಹನ್ನೆರಡನೆಯ ಶತಮಾನದ ಮೊದಲ ಭಾಗದಲ್ಲಿ ರಾಗ್ನ್‌ವಾಲ್ಡ್ ಎಂಬ ರಾಜ ಒತ್ತೆಯಾಳುಗಳಿಲ್ಲದೆ ವೆಸ್ಟರ್‌ಯೋಟ್ಲಾಂಡಿಗೆ ನುಗ್ಗಿದ. ಆ ಕಾನೂನಿನ ಜೊತೆಗೇ ಉಳಿದು ಬಂದ ರಾಜರ ಪಟ್ಟಿಯ ಪ್ರಕಾರ, ನಾಡವರಿಗೆ ತೋರಿದ ಆ ಅಗೌರವಕ್ಕಾಗಿ ಅವನು ಅಲ್ಲಿಯೇ ನಾಚಿಕೆಗೇಡಿನ ಸಾವು ಕಂಡ.

ಕೊಡುವ ಕೈ ಮತ್ತು ಉಣ್ಣುವ ಬಾಯಿ

ರಾಜರು ಇಷ್ಟೆಲ್ಲ ಏಕೆ ಸಹಿಸಬೇಕಿತ್ತು? ಸೈನ್ಯ ಕಳುಹಿಸಿ ಬಗ್ಗುಬಡಿಯಬಹುದಿತ್ತಲ್ಲ? ಕಳುಹಿಸಲು ಸದಾ ಸಿದ್ಧವಿರುವ ಸೈನ್ಯವೇ ಅವರಲ್ಲಿರಲಿಲ್ಲ. ಕಡಲು ಒಳನುಗ್ಗಿ ಸೀಳಿದ ಕಣಿವೆಗಳು, ನಡುವೆ ಬೆಟ್ಟಸಾಲು, ದೂರದೂರ ಚದುರಿದ ಒಂಟಿಮನೆಗಳು. ಇಂಥ ನಾಡಿನಲ್ಲಿ ತೆರಿಗೆ ಎತ್ತುವ ಅಧಿಕಾರಿವರ್ಗವನ್ನು ನಿಲ್ಲಿಸುವುದು ಸುಲಭವಲ್ಲ. ಯುದ್ಧ ಬಂದಾಗ ಕರಾವಳಿಯ ರೈತರು ಪಾಳಿಯಂತೆ ಹಡಗು, ಆಹಾರ, ಆಳುಗಳನ್ನು ಒದಗಿಸುವ ಲೈದಾಂಗ್ ಎಂಬ ಏರ್ಪಾಟಿತ್ತು. ಆದರೆ ರೈತರದೇ ಹಡಗುಗಳನ್ನು ರೈತರ ಮೇಲೆಯೇ ತಿರುಗಿಸುವುದು ಹೇಗೆ?

ರಾಜನ ಕೈಯಲ್ಲಿ ನಿಜವಾಗಿ ಇದ್ದದ್ದು ಹಿರ್ದ್, ಅಂದರೆ ಅವನ ಜೊತೆಗೇ ಉಂಡು, ತಿರುಗಿ, ಕಾದುವ ಆಪ್ತಯೋಧರ ಪಡೆ. ಅದು ಎಷ್ಟು ದೊಡ್ಡದು? ಹನ್ನೊಂದನೆಯ ಶತಮಾನದ ಆರಂಭದ ಓಲಾಫ್ ಹರಾಲ್ಡ್ಸನ್‌ನ ಹಿರ್ದ್‌ನಲ್ಲಿ 60 ಆಪ್ತಯೋಧರು, ‘ಅತಿಥಿ’ಗಳೆಂದು ಕರೆಸಿಕೊಳ್ಳುತ್ತಿದ್ದ 30 ಮಂದಿ, ಜೊತೆಗೆ 30 ಮನೆಯಾಳುಗಳು ಇದ್ದರೆಂದು ಹೈಮ್ಸ್‌ಕ್ರಿಂಗ್ಲಾ ಹೇಳುತ್ತದೆ. ಒಂದಿಡೀ ರಾಜ್ಯಕ್ಕೆ 120 ಜನ!

ಈ ಬಂಧವನ್ನು ಕಟ್ಟಿದ್ದು ಕೊಡುಗೆ. ರಾಜ ಚಿನ್ನದ ಕಡಗ, ಖಡ್ಗ, ಬಟ್ಟೆಗಳನ್ನು ಕೊಡುತ್ತಾನೆ. ಪಡೆದವನು ಜೀವ ಕೊಡಲು ಸಿದ್ಧನಾಗುತ್ತಾನೆ. ಹಳಗನ್ನಡ ಕಾವ್ಯಗಳನ್ನು ಬಲ್ಲವರಿಗೆ ‘ಜೋಳದ ಪಾಳಿ’ ಎಂದರೆ ಇದು ತಕ್ಷಣ ಹೊಳೆಯುತ್ತದೆ, ಏಕೆಂದರೆ ಅನ್ನದ ಋಣವನ್ನು ರಣದಲ್ಲಿ ತೀರಿಸುವ ಆ ಭಾವನೆಗೆ ಇದು ಬಹಳ ಹತ್ತಿರದ್ದು. ಸ್ಕಾಲ್ಡ್ ಕವಿಗಳು ರಾಜನನ್ನು ‘ಕಡಗ ಮುರಿದು ಹಂಚುವವನು’ ಎಂದು ಹೊಗಳುತ್ತಿದ್ದುದು ಬರೀ ಅಲಂಕಾರವಾಗಿರಲಿಲ್ಲ, ಅದು ಅವನ ಕೆಲಸದ ವಿವರಣೆಯೂ ಆಗಿತ್ತು. ಕುದುರೆಯ ಯಕೃತ್ತು ತಿಂದ ಹಾಕೋನನ ನಂತರ ಆಳಿದ ಅವನ ಅಣ್ಣನ ಮಕ್ಕಳು ಚಿನ್ನವನ್ನು ನೆಲದಲ್ಲಿ ಹೂತಿಡುವ ಜಿಪುಣರೆಂದು ಕವಿ ಐವಿಂದ್ ಪದ್ಯ ಕಟ್ಟಿದ. ಕೊಡದ ರಾಜನನ್ನು ಜನ ಬಡವನೆಂದು ಮರುಗುವುದಿಲ್ಲ, ಅವನು ರಾಜನೇ ಅಲ್ಲವೆನ್ನುತ್ತಾರೆ.

ಕೊಡಲು ಎಲ್ಲಿಂದ ಬರಬೇಕು? ಕಡಲಾಚೆಯ ಸುಲಿಗೆಯಿಂದ, ವ್ಯಾಪಾರದ ಸುಂಕದಿಂದ, ಸ್ವಂತ ಜಮೀನಿನಿಂದ, ಮತ್ತು ವೈಟ್ಸ್ಲಾ ಎಂಬ ಪದ್ಧತಿಯಿಂದ. ವೈಟ್ಸ್ಲಾ ಎಂದರೆ ಔತಣ. ಧಾನ್ಯವನ್ನು ರಾಜಧಾನಿಗೆ ಹೊರಿಸುವ ಬದಲು ರಾಜನೇ ಪರಿವಾರದೊಡನೆ ಊರೂರಿಗೆ ಹೋಗಿ ಅಲ್ಲಿಯ ದವಸವನ್ನು ಉಂಡು ಮುಗಿಸುತ್ತಿದ್ದ. ನೆಂಟರು ಎಷ್ಟು ಜನ ಬರುತ್ತಾರೆ, ಎಷ್ಟು ದಿನ ಇರುತ್ತಾರೆ ಎಂಬುದು ಯಾವ ಮನೆಯವರಿಗೂ ಸಣ್ಣ ವಿಷಯವಲ್ಲ. 1067ರಿಂದ 1093ರವರೆಗೆ ಆಳಿದ ಓಲಾಫ್ ಕೀರೆ ತನ್ನ ಪರಿವಾರವನ್ನು ಹೆಚ್ಚುಕಡಿಮೆ ಇಮ್ಮಡಿಗೊಳಿಸಿದಾಗ ರೈತರು, ಹಿಂದಿನ ರಾಜರಿಗೆ ಇಲ್ಲದಷ್ಟು ಜನ ನಿನಗೇಕೆ ಎಂದು ನೇರವಾಗಿಯೇ ಕೇಳಿದರು. ನಿಮ್ಮ ಮೇಲೆ ಹೊರೆ ಹಾಕುವ ಉದ್ದೇಶ ಇದರಲ್ಲಿಲ್ಲ ಎಂದು ರಾಜನು ಸಮಜಾಯಿಷಿ ಕೊಡಬೇಕಾಯಿತು.

ರಾಜನ ಕಾಲ್ಗುಣ

ಮನೆಗೆ ಸೊಸೆ ಬಂದ ಮೇಲೆ ಒಳ್ಳೆಯದಾದರೆ ‘ಕಾಲ್ಗುಣ ಚೆನ್ನಾಗಿದೆ’ ಎನ್ನುತ್ತೇವೆ. ನಾರ್ಸ್ ಜನರು ರಾಜನ ಬಗ್ಗೆ ಹಾಗೆಯೇ ಯೋಚಿಸುತ್ತಿದ್ದರು. ಅದಕ್ಕೆ ಅವರಲ್ಲಿ ಗೈಫಾ, ಹಾಮಿಂಗ್ಯಾ ಮೊದಲಾಗಿ ಹಲವು ಪದಗಳಿದ್ದವು. ಈ ಅದೃಷ್ಟವು ಲಾಟರಿ ಹೊಡೆದಂತೆ ಹೊರಗಿನಿಂದ ಬರುವುದಲ್ಲ. ಎತ್ತರ, ದನಿ, ಧೈರ್ಯಗಳಂತೆ ಅದೂ ವ್ಯಕ್ತಿಯೊಳಗಿರುವ ಗುಣ, ಕುಲದಲ್ಲಿ ಹರಿದು ಬರುವಂಥದು, ಜೊತೆಗಿದ್ದವರಿಗೂ ತಗಲುವಂಥದು. ರಾಜನಿಂದ ಅವರು ಬಯಸುತ್ತಿದ್ದುದನ್ನು ‘ಆರ್ ಓಕ್ ಫ್ರಿದ್ರ್’ ಎಂಬ ನುಡಿಗಟ್ಟು ಹೇಳುತ್ತದೆ: ಒಳ್ಳೆಯ ಬೆಳೆ ಮತ್ತು ನೆಮ್ಮದಿ.

ಚೆಲುಗೂದಲ ಹರಾಲ್ಡನ ತಂದೆ ‘ಕರಿಯ’ ಹಾಫ್‌ದಾನ್‌ನ ಕಾಲದಲ್ಲಿ ಬೆಳೆ ಸಮೃದ್ಧವಾಗಿತ್ತಂತೆ. ಅವನು ಮಂಜುಗಟ್ಟಿದ ಸರೋವರದ ಮೇಲೆ ಹೋಗುವಾಗ ಮಂಜು ಒಡೆದು ಮುಳುಗಿ ಸತ್ತ. ಶವ ತಮಗೇ ಬೇಕೆಂದು ಬೇರೆ ಬೇರೆ ಸೀಮೆಯವರು ಹಟ ಹಿಡಿದರು. ಕೊನೆಗೆ ದೇಹವನ್ನು ನಾಲ್ಕು ಭಾಗ ಮಾಡಿ ನಾಲ್ಕು ಕಡೆ ದಿಬ್ಬಗಳಲ್ಲಿ ಹೂಳಲಾಯಿತು, ಅವನ ಒಳ್ಳೆಯ ಬೆಳೆ ಎಲ್ಲರಿಗೂ ಸಿಗಲೆಂದು. ಇದರ ಇನ್ನೊಂದು ಮುಖ ಸ್ವೀಡನ್ನಿನ ಪುರಾಣಕಾಲದ ರಾಜ ದೊಮಾಲ್ದಿಯ ಕಥೆ. ಬರಗಾಲ ಬಂದಾಗ ಉಪ್ಸಾಲದಲ್ಲಿ ಮೊದಲ ವರ್ಷ ಎತ್ತುಗಳನ್ನು, ಎರಡನೆಯ ವರ್ಷ ಮನುಷ್ಯರನ್ನು ಬಲಿಕೊಟ್ಟರು. ಮೂರನೆಯ ವರ್ಷವೂ ಬೆಳೆ ಬರಲಿಲ್ಲ. ಆಗ ಮುಖಂಡರು ಕೂಡಿ ಯೋಚಿಸಿ, ರಾಜನನ್ನೇ ಬಲಿಕೊಟ್ಟರು. ಇವು ನಡೆದದ್ದಕ್ಕೆ ಆಧಾರವಿಲ್ಲ. ಆದರೆ ಮಳೆಬೆಳೆಯ ಹೊಣೆಯನ್ನು ರಾಜನ ತಲೆಗೇ ಕಟ್ಟುವ ಯೋಚನೆ ಹದಿಮೂರನೆಯ ಶತಮಾನದ ಓದುಗರಿಗೂ ವಿಚಿತ್ರವೆನಿಸಲಿಲ್ಲ ಎಂಬುದಕ್ಕೆ ಈ ಕಥೆಗಳೇ ಆಧಾರ.

ಇಬ್ಬರು ರಾಜರ ಹೋಲಿಕೆಯಾಟ

1103ರಲ್ಲಿ ಒಟ್ಟಿಗೆ ರಾಜರಾದವರಲ್ಲಿ ಸಿಗುರ್ಡ್ ಮತ್ತು ಎಯ್‌ಸ್ಟೈನ್ ಎಂಬ ಸಹೋದರರ ನಡುವೆ ನಡೆಯಿತೆನ್ನಲಾದ ಒಂದು ವಾಗ್ವಾದವು, ರಾಜ ಎಂದರೆ ಯಾರು ಎಂಬ ಪ್ರಶ್ನೆಯನ್ನು ಯಾವ ಶಾಸ್ತ್ರಗ್ರಂಥಕ್ಕಿಂತಲೂ ಚೆನ್ನಾಗಿ ಬಿಡಿಸುತ್ತದೆ. ಹಬ್ಬದ ಕುಡಿತದ ನಡುವೆ ಇಬ್ಬರು ತಮ್ಮ ತಮ್ಮ ಹಿರಿಮೆಯನ್ನು ಒಂದರ ಎದುರು ಒಂದಿಟ್ಟು ತೂಗುವ ಆಟಕ್ಕೆ ಅಲ್ಲಿ ‘ಮನ್ಯಾಫ್ನದ್’ ಎಂಬ ಹೆಸರೇ ಇತ್ತು.

ಸಿಗುರ್ಡ್ ಹಡಗುಪಡೆಯೊಡನೆ ಜೆರುಸಲೇಮಿನವರೆಗೆ ಹೋಗಿ ಬಂದವನು. ದಾರಿಯಲ್ಲಿ ಗೆದ್ದ ಕದನಗಳನ್ನು ಎಣಿಸಿದ. ಜೋರ್ಡಾನ್ ನದಿಯನ್ನು ಈಜಿ ದಾಟಿದೆ, ಆಚೆ ದಡದ ಪೊದೆಯಲ್ಲಿ ನಿನಗಾಗಿ ಒಂದು ಗಂಟು ಹಾಕಿ ಬಂದಿದ್ದೇನೆ, ಸಾಧ್ಯವಾದರೆ ಹೋಗಿ ಬಿಚ್ಚು ಎಂದ. ಎಯ್‌ಸ್ಟೈನ್ ಊರು ಬಿಟ್ಟು ಹೋದವನಲ್ಲ. ಉತ್ತರದ ವೋಗಾರ್‌ನಲ್ಲಿ ಬಡ ಬೆಸ್ತರಿಗೆ ಗುಡಿಸಲುಗಳನ್ನೂ ಚರ್ಚನ್ನೂ ಕಟ್ಟಿಸಿದೆ, ದೋವ್ರೆ ಬೆಟ್ಟದ ದಾರಿಯಲ್ಲಿ ರಾತ್ರಿ ಬಯಲಲ್ಲಿ ತಂಗಿ ಜನ ಸಾಯುತ್ತಿದ್ದರು, ಅಲ್ಲಿ ತಂಗುಮನೆ ಕಟ್ಟಿಸಿದೆ, ಹಡಗುಗಳು ಒಡೆದು ಹೋಗುತ್ತಿದ್ದ ಕಡೆ ಬಂದರು ಮಾಡಿಸಿದೆ, ಯೆಮ್ಟ್‌ಲಾಂಡಿನವರನ್ನು ಕತ್ತಿಯಿಲ್ಲದೆ ಒಳ್ಳೆಯ ಮಾತಿನಿಂದಲೇ ನಮ್ಮ ಕಡೆಗೆ ತಂದೆ ಎಂದು ಅವನು ತನ್ನ ಪಟ್ಟಿ ಕೊಟ್ಟ. ಇವು ಸಣ್ಣ ವಿಷಯಗಳೇ ಇರಬಹುದು, ಆದರೆ ನಾಡಿನ ಜನಕ್ಕೆ ನಿನ್ನ ಯುದ್ಧಗಳಿಗಿಂತ ಇವು ಕಡಿಮೆ ಉಪಯೋಗಕ್ಕೆ ಬಂದವೆಂದು ನನಗನಿಸುವುದಿಲ್ಲ ಎಂದ. ಗಂಟಿನ ಮಾತಿಗೆ ಅವನ ಉತ್ತರ ಇನ್ನೂ ಮೊನಚು: ನೀನು ಒಂದೇ ಹಡಗಿನಲ್ಲಿ ನನ್ನ ಪಡೆಯ ನಡುವೆ ಬಂದಿಳಿದಾಗ, ನೀನೆಂದೂ ರಾಜನಾಗಿ ಉಳಿಯದಂಥ ಗಂಟನ್ನು ನಾನೂ ಹಾಕಬಹುದಿತ್ತು. ಬಳಿಕ ಇಬ್ಬರೂ ಸುಮ್ಮನಾದರು, ಇಬ್ಬರಿಗೂ ಸಿಟ್ಟು ಬಂದಿತ್ತು. ಗೆದ್ದವರಾರೆಂದು ಸ್ನೋರಿ ಹೇಳುವುದಿಲ್ಲ.

ದಾಯಾದಿ ಕಾಳಗದಿಂದ ದೇವರ ಕೃಪೆಗೆ

ಸಹೋದರರು ಹೊಂದಿಕೊಂಡಿರುವವರೆಗೆ ಜಂಟಿ ಅರಸೊತ್ತಿಗೆ ನಡೆಯಿತು. 1130ರಲ್ಲಿ ಸಿಗುರ್ಡ್ ಸತ್ತ ಮೇಲೆ 1240ರವರೆಗೆ, ನಡುನಡುವೆ ಬಿಡುವಿದ್ದರೂ, ನಾರ್ವೆ ದಾಯಾದಿ ಯುದ್ಧಗಳಲ್ಲಿ ಬೆಂದಿತು. ಯಾರು ಬೇಕಾದರೂ ತಾನು ಇಂಥ ರಾಜನ ಮಗನೆಂದು ಬಂದು ನಿಲ್ಲಬಹುದಿತ್ತು. ಐರ್ಲೆಂಡಿನಿಂದ ಬಂದ ಹರಾಲ್ಡ್ ಗಿಲ್ಲೆ ಎಂಬವನು ಕಾದ ನೇಗಿಲ ಗುಳಗಳ ಮೇಲೆ ನಡೆದು ದಿವ್ಯಪರೀಕ್ಷೆಯಿಂದ ತನ್ನ ತಂದೆ ಯಾರೆಂದು ಸಾಧಿಸಿದ. ಸಿಗುರ್ಡ್‌ನ ಮಗನೊಡನೆ ರಾಜ್ಯ ಹಂಚಿಕೊಂಡು, 1135ರಲ್ಲಿ ಅವನ ಕಣ್ಣು ಕೀಳಿಸಿದ. ಮರುವರ್ಷ ತಾನೂ ರಾಜಪುತ್ರನೆನ್ನುತ್ತಿದ್ದ ಮತ್ತೊಬ್ಬನ ಕೈಯಲ್ಲಿ ಸತ್ತ.

ಇದಕ್ಕೆ ಚರ್ಚ್ ಒಂದು ಪರಿಹಾರವನ್ನು ಮುಂದಿಟ್ಟಿತು. ನಿದಾರೋಸ್‌ನಲ್ಲಿ, ಅಂದರೆ ಇಂದಿನ ತ್ರೋಂಡ್‌ಹೈಮ್‌ನಲ್ಲಿ, 1150ರ ದಶಕದ ಆರಂಭದಲ್ಲಿ ಆರ್ಚ್‌ಬಿಷಪ್ ಪೀಠ ಸ್ಥಾಪನೆಯಾಗಿತ್ತು. ಸುಮಾರು 1163-64ರಲ್ಲಿ ಬಾಲಕ ಮ್ಯಾಗ್ನಸ್ ಎರ್ಲಿಂಗ್ಸನ್‌ಗೆ ಬೆರ್ಗೆನ್‌ನಲ್ಲಿ ಕಿರೀಟ ತೊಡಿಸಲಾಯಿತು; ಸ್ಕ್ಯಾಂಡಿನೇವಿಯಾದಲ್ಲಿ ಅದೇ ಮೊದಲ ಕಿರೀಟಧಾರಣೆ. ಅದೇ ಸುಮಾರಿಗೆ ಬಂದ ಕಾನೂನು, ಧರ್ಮಪತ್ನಿಯಲ್ಲಿ ಹುಟ್ಟಿದ ಹಿರಿಯ ಮಗನೊಬ್ಬನೇ ರಾಜನಾಗಬೇಕು, ಅವನು ಅಯೋಗ್ಯನಾದರೆ ಬಿಷಪರೂ ಪ್ರಾಂತ್ಯಗಳಿಂದ ಬಂದ ಪ್ರತಿನಿಧಿಗಳೂ ಬೇರೆಯವನನ್ನು ಆರಿಸಬೇಕು ಎಂದಿತು. ಸ್ವಾರಸ್ಯವೆಂದರೆ ಸ್ವತಃ ಮ್ಯಾಗ್ನಸ್‌ನಿಗೇ ರಾಜನ ಸಂಬಂಧ ಬಂದದ್ದು ತಾಯಿಯ ಕಡೆಯಿಂದ.

ಈ ಏರ್ಪಾಟನ್ನು ಮುರಿದವನು ಸ್ವೆರ್ರೆ. ಫ್ಯಾರೋ ದ್ವೀಪಗಳಲ್ಲಿ ಪಾದ್ರಿಯಾಗಲು ಓದಿ, ತಾನು ರಾಜಪುತ್ರನೆಂದು ಹೇಳಿಕೊಂಡು ಬಂದ ಈತ, ಬಡತನದಿಂದ ಕಾಲಿಗೆ ಬರ್ಚ್ ಮರದ ತೊಗಟೆ ಸುತ್ತಿಕೊಳ್ಳುತ್ತಿದ್ದ ‘ಬಿರ್ಕೆಬೈನರ್’ ಎಂಬ ಬಂಡಾಯಗಾರರಿಗೆ 1177ರಲ್ಲಿ ನಾಯಕನಾದ. 1184ರಲ್ಲಿ ಫಿಮ್‌ರೈಟೆಯ ಕದನದಲ್ಲಿ ಮ್ಯಾಗ್ನಸ್ ಸತ್ತ. ಚರ್ಚಿನೊಡನೆ ಜೀವನವಿಡೀ ಜಗಳವಾಡಿದ ಸ್ವೆರ್ರೆ ಚರ್ಚಿನಿಂದಲೇ ಒಂದು ಮುಖ್ಯ ಮಾತನ್ನು ಎತ್ತಿಕೊಂಡ: ರಾಜನನ್ನು ನೇಮಿಸಿದವನು ದೇವರು, ಆದ್ದರಿಂದ ಅವನು ಬಿಷಪರಿಗೆ ಉತ್ತರ ಹೇಳಬೇಕಾಗಿಲ್ಲ.

ಅವನ ಮೊಮ್ಮಗ ಹಾಕೋನ್ ಹಾಕೋನ್ಸನ್‌ನ ಕಾಲದಲ್ಲಿ ಈ ಯೋಚನೆ ಗಟ್ಟಿಯಾಯಿತು. 1240ರಲ್ಲಿ ಕೊನೆಯ ದಂಗೆ ಅಡಗಿತು. 1247ರಲ್ಲಿ ಪೋಪ್ ಕಳುಹಿಸಿದ ಕಾರ್ಡಿನಲ್ ವಿಲಿಯಂ ಬೆರ್ಗೆನ್‌ಗೆ ಬಂದು ಅವನಿಗೆ ಕಿರೀಟ ತೊಡಿಸಿದ. ಆ ಕಾಲದಲ್ಲೇ ಹುಟ್ಟಿದ ‘ರಾಜದರ್ಪಣ’ವೆಂಬ ಅರ್ಥದ ಹೆಸರಿನ ಗ್ರಂಥವು, ತಂದೆಮಗನ ಸಂವಾದದ ರೂಪದಲ್ಲಿ, ರಾಜನು ಭೂಮಿಯ ಮೇಲೆ ದೇವರ ಪರವಾಗಿ ನ್ಯಾಯ ಹೇಳುವವನೆಂದು ಬೋಧಿಸುತ್ತದೆ. 1260ರ ಕಾನೂನು ಒಬ್ಬನೇ ರಾಜ, ಧರ್ಮಪತ್ನಿಯ ಹಿರಿಯ ಮಗನೇ ಮೊದಲ ಹಕ್ಕುದಾರ ಎಂಬುದನ್ನು ಖಚಿತಗೊಳಿಸಿತು. 1274ರಲ್ಲಿ ಹಾಕೋನನ ಮಗ ಮ್ಯಾಗ್ನಸ್, ಪ್ರಾಂತ್ಯಗಳ ಬೇರೆ ಬೇರೆ ಕಾನೂನುಗಳ ಜಾಗದಲ್ಲಿ ಇಡೀ ನಾಡಿಗೆ ಒಂದೇ ಸಂಹಿತೆಯನ್ನು ತಂದು ‘ಕಾನೂನು ತಿದ್ದಿದವನು’ ಎಂಬ ಅಡ್ಡಹೆಸರು ಪಡೆದ. ಥಿಂಗ್ ಉಳಿಯಿತು, ಆದರೆ ರಾಜನನ್ನು ಆರಿಸುವ ಅದರ ಕೆಲಸ ಹೆಚ್ಚುಹೆಚ್ಚಾಗಿ ವಿಧಿಯ ಆಚರಣೆಯಾಯಿತು.

ರಾಜನಿಲ್ಲದ ದ್ವೀಪ

ಇಷ್ಟೂ ಕಾಲ ನಾರ್ಸ್ ಲೋಕದ ಒಂದು ಭಾಗ ರಾಜನೇ ಇಲ್ಲದೆ ನಡೆದಿತ್ತು. ಐಸ್‌ಲ್ಯಾಂಡಿನಲ್ಲಿ ಸುಮಾರು 930ರಲ್ಲಿ ಆಲ್‌ಥಿಂಗ್ ಎಂಬ ಮಹಾಸಭೆ ಸ್ಥಾಪನೆಯಾಯಿತು. ಗೋದಿ ಎಂಬ ಮುಖಂಡರು ಅಲ್ಲಿ ಕೂಡುತ್ತಿದ್ದರು; ಕಾನೂನು ಹೇಳುವವನೊಬ್ಬನು ವರ್ಷಕ್ಕೆ ಮೂರನೇ ಒಂದು ಭಾಗದಂತೆ ಮೂರು ವರ್ಷಗಳಲ್ಲಿ ಇಡೀ ಕಾನೂನನ್ನು ಬಾಯಿಪಾಠದಿಂದ ಒಪ್ಪಿಸುತ್ತಿದ್ದ. ತೀರ್ಪನ್ನು ಜಾರಿಗೊಳಿಸಲು ಮಾತ್ರ ಯಾರೂ ಇರಲಿಲ್ಲ. ಗೆದ್ದವನೇ ತನ್ನ ಬಂಧುಬಳಗದೊಡನೆ ಹೋಗಿ ವಸೂಲು ಮಾಡಿಕೊಳ್ಳಬೇಕಿತ್ತು. ಹದಿಮೂರನೆಯ ಶತಮಾನದಲ್ಲಿ ಅಧಿಕಾರವು ಕೆಲವೇ ಮನೆತನಗಳ ಕೈಗೆ ಸೇರಿ ಅವರೊಳಗೆ ಯುದ್ಧ ಹತ್ತಿಕೊಂಡಿತು. ಆ ಮನೆತನಗಳಲ್ಲೊಂದಕ್ಕೆ ಸೇರಿದ ಸ್ನೋರಿ, ನಾರ್ವೆಯ ರಾಜನ ಅವಕೃಪೆಗೆ ಗುರಿಯಾಗಿ 1241ರಲ್ಲಿ ತನ್ನ ಮನೆಯಲ್ಲೇ ಕೊಲೆಯಾದ. ಜಗತ್ತಿನ ಎಲ್ಲ ನಾಡುಗಳೂ ರಾಜರ ಕೆಳಗಿರುವಾಗ ಆ ನಾಡೊಂದು ಹಾಗಿಲ್ಲದಿರುವುದು ಸರಿಯಲ್ಲವೆಂದು ಕಾರ್ಡಿನಲ್ ವಿಲಿಯಂ 1247ರಲ್ಲಿ ಹೇಳಿದನೆಂದು ಹಾಕೋನ್ ಹಾಕೋನ್ಸನ್‌ನ ಚರಿತ್ರೆಯಲ್ಲಿದೆ.

1262ರಿಂದ 1264ರ ನಡುವೆ ಐಸ್‌ಲ್ಯಾಂಡಿನವರು ಭಾಗ ಭಾಗವಾಗಿ ನಾರ್ವೆಯ ರಾಜನನ್ನು ಒಪ್ಪಿಕೊಂಡರು. ಆ ಒಡಂಬಡಿಕೆಯ ಪಾಠ ನಮಗೆ ಸಿಗುವುದು ಬಹಳ ತಡವಾಗಿ, ಹದಿನೈದನೆಯ ಶತಮಾನದ ಪ್ರತಿಗಳಲ್ಲಿ. ಅದರ ಎಷ್ಟು ಭಾಗ ಮೂಲದ್ದೆಂಬ ಬಗ್ಗೆ ವಿದ್ವಾಂಸರಲ್ಲಿ ಚರ್ಚೆಯಿದೆ. ಆ ಪಾಠದಲ್ಲಿ ಅವರು ರಾಜನಿಗೆ ತೆರಿಗೆ ಕೊಡಲು ಒಪ್ಪುತ್ತಾರೆ. ಅದಕ್ಕೆ ಪ್ರತಿಯಾಗಿ ರಾಜನು ನಾಡಿನಲ್ಲಿ ನೆಮ್ಮದಿ ಕಾಪಾಡಬೇಕು, ತಮ್ಮ ಕಾನೂನನ್ನು ನಡೆಸಿಕೊಡಬೇಕು, ಮುಂದಿನ ಎರಡು ಬೇಸಿಗೆ ನಾರ್ವೆಯಿಂದ ಆರು ಹಡಗುಗಳು ಬರಬೇಕು ಎಂದು ಕೇಳುತ್ತಾರೆ. ಕೊನೆಯಲ್ಲಿ ಇನ್ನೊಂದು ಷರತ್ತನ್ನು ಸೇರಿಸುತ್ತಾರೆ: ನೀವು ಈ ಮಾತನ್ನು ಉಳಿಸಿಕೊಂಡಷ್ಟು ಕಾಲ ನಾವೂ ನಮ್ಮ ಮಕ್ಕಳೂ ನಿಮಗೆ ನಿಷ್ಠರಾಗಿರುತ್ತೇವೆ, ಮಾತು ಮುರಿದಿರೆಂದು ಉತ್ತಮ ಜನರು ತೀರ್ಮಾನಿಸಿದರೆ ನಮಗೆ ಯಾವ ಕಟ್ಟೂ ಇಲ್ಲ.